ಕ್ಯಾಮೆರಾ ಹಿಡಿದ ಸೊಸೆ

ಹೆಂಗಸರೇ ಸೇರ್ಕೊಂಡು ಸಿನಿಮಾ ಮಾಡೋಕೆ ಹೊರಟ್ರೆ ಕಥೆ ಹುಡುಕೋ ತಾಪತ್ರಯ ಇರಲ್ಲ. ವ್ಯಾನ್ ಇಳಿಯೋ ಅಷ್ಟರಲ್ಲೇ ಒಂದಲ್ಲ ಒಂದು ಆಗಿರುತ್ತೆ.

ಎಪ್ಪತ್ತರ ದಶಕದ ಕೊನೇಲಿ, ಸಂತೆಗೆ ಸೊಪ್ಪು ತರೋ ಹೆಂಗಸರ ಮೇಲೆ ಒಂದು ಸಣ್ಣ ಸಿನಿಮಾ ಶುರು ಮಾಡ್ದೆ. ಯೂನಿಟ್ಟಲ್ಲೂ ಹೆಂಗಸರೇ ಇರ್ಬೇಕು ಅನ್ನೋದು ನನ್ನ ಹಟ. ಕ್ಯಾಮೆರಾಗೆ ಸಿಕ್ಕಿದ್ದು ತುಮಕೂರಿನ ಬಟವಾಡಿಯ ಒಂದು ಮನೆ ಸೊಸೆ. ಕೆಲಸ ಅಂದ್ರೆ ಪ್ರಾಣ ಅವಳಿಗೆ. ಆದ್ರೆ ಅವಳ ಅತ್ತೆ ಮೊದಲೇ ಹೇಳಿದ್ರು, "ಒಂದು ಪಿಚ್ಚರ್ ಮಾಡ್ಲಿ. ನಾನೇ ಬಂದು ನೋಡ್ತೀನಿ. ಸರಿಯಾಗಿಲ್ಲ ಅಂದ್ರೆ ಅಲ್ಲಿಗೆ ಮುಗೀತು."

ಡೈರೆಕ್ಟ್ರು ಯಾರು?

ಗುಬ್ಬಿ ಸಂತೇಲಿ ಮೊದಲು ನಾವು ಹೆಂಗಸರು ಇಳಿದ್ವಿ, ಆಮೇಲೆ ನಮ್ಮ ಜೊತೆಗಿದ್ದ ಒಬ್ಬನೇ ಗಂಡಸು, ವ್ಯಾನ್ ಡ್ರೈವರ್ ಇಳಿದ. ಊರಿನ ಯಜಮಾನರೊಬ್ಬರು ಕುರ್ಚಿ ತರಿಸಿ ಅವನನ್ನ ಕೂರಿಸಿ, ಕೈಗೆ ಎಳನೀರು ಕೊಟ್ಟು, ಎಲ್ಲಿಂದ ಶುರು ಮಾಡೋಣ ಸಾರ್ ಅಂದ್ರು. ನಾನೇ ಡೈರೆಕ್ಟ್ರು ಅಂದೆ. ನಗ್ತಾ ತಲೆ ಆಡಿಸಿ ಮತ್ತೆ ಅವನ ಕಡೆಗೇ ತಿರುಗಿದ್ರು. ಸ್ವಲ್ಪ ಪಕ್ಕಕ್ಕೆ ಬನ್ನಿ ಅಂತ ನಾನು ಕೂಗಿದ್ರೆ ಜನ ಅಲ್ಲಾಡ್ತಿರ್ಲಿಲ್ಲ. ಅವನು ಕೂತಲ್ಲಿಂದಲೇ ಕೈ ಬೀಸಿದ್ರೆ ಸಂತೆಗೆ ಸಂತೇನೇ ಸರೀತಿತ್ತು.

ವಾಪಸ್ ಬರುವಾಗ ಗೇರ್ ಹಾಕ್ತಾ ಅವನು ಅಂದ, "ಮೇಡಂ, ಆ ಎರಡನೇ ಶಾಟು ನನಗೆ ಅಷ್ಟಾಗಿ ಹಿಡಿಸ್ಲಿಲ್ಲ."

ಚಳಿಜ್ವರ

ಕ್ಯಾಮೆರಾದಲ್ಲಿ ಫಿಲಂ ರೋಲ್ ಬದಲಾಯಿಸೋಕೆ ಕತ್ತಲೆ ಬೇಕು. ಬೆಳಕು ಬಿದ್ರೆ ತೆಗೆದಿದ್ದೆಲ್ಲಾ ಹಾಳು. ಅದಕ್ಕೆ ಅಂತ ಇದ್ದ ಕಪ್ಪು ಚೀಲ ಹರಿದಿತ್ತು. ಹುಲಿಯೂರುದುರ್ಗದಲ್ಲಿ ನಮ್ಮ ಸೊಸೆ ಒಂದು ಮನೆ ಜಗಲಿ ಮೇಲೆ, ಸುಡೋ ಬಿಸಿಲಲ್ಲಿ, ಕ್ಯಾಮೆರಾ ಸಮೇತ ಕಂಬಳಿ ಮುಸುಕು ಹಾಕ್ಕೊಂಡು ಕೂತ್ಲು. ಒಳಗೆ ಕೈ ಆಡ್ತಿದ್ರೆ ಹೊರಗೆ ಕಂಬಳಿ ಗಡಗಡ ಅಲ್ಲಾಡ್ತಿತ್ತು.

ಆ ಮನೆ ಅಜ್ಜಿ ನೋಡಿದ್ರು, ಮರುಗಿದ್ರು, ಮೆಣಸಿನ ಕಷಾಯ ಕಾಯಿಸ್ಕೊಂಡು ಬಂದು ಕಂಬಳಿ ಎತ್ತೇಬಿಟ್ರು. "ಕುಡಿಯವ್ವ, ಆಗ್ಲಿಂದ ನಡುಗ್ತಾ ಕುಂತಿದ್ದೀಯಲ್ಲ."

ಬೆಳಗ್ಗೆಯಿಂದ ತೆಗೆದಿದ್ದೆಲ್ಲಾ ಹೋಯ್ತು. ವಿಷಯ ತಿಳಿದ ಮೇಲೆ ಅಜ್ಜಿ ಸಾಯಂಕಾಲದ ತನಕ ಕಂಬಳಿ ಪಕ್ಕ ದೊಣ್ಣೆ ಹಿಡ್ಕೊಂಡು ಕಾವಲು ಕೂತ್ರು. ನನ್ನನ್ನೂ ಹತ್ರ ಬಿಡ್ಲಿಲ್ಲ. ಕಷಾಯ ದಂಡ ಆಗಬಾರ್ದು ಅಂತ ನಾನು ಕುಡಿದೆ. ಒಂದು ರೋಲ್ ಫಿಲಂ ಜೊತೆಗೆ ನನ್ನ ನೆಗಡೀನೂ ಹೋಯ್ತು.

ಅತ್ತೆ ನೋಡಿದ್ರು

ತುಮಕೂರಲ್ಲಿ ಒಂದು ಸ್ಕೂಲ್ ಹಾಲಲ್ಲಿ ಬಿಳಿ ಪಂಚೆ ಕಟ್ಟಿ ತೋರಿಸಿದ್ವಿ. ಅತ್ತೆ ಮುಂದಿನ ಸಾಲಲ್ಲಿ. ಸೊಸೆ ಪ್ರೊಜೆಕ್ಟರ್ ಹಿಂದೆ ಉಗುರು ಕಚ್ತಾ ನಿಂತಿದ್ಲು. ಮುಗೀತು, ಲೈಟ್ ಹಾಕಿದ್ವಿ. ಅತ್ತೆ ಮುಖ ಗಂಟಾಗಿತ್ತು.

"ನಮ್ಮ ಹುಡುಗಿ ಎಲ್ಲಮ್ಮ?"

ಇಲ್ಲೇ ಹಿಂದೆ ಇದ್ದಾಳೆ ಅಂದೆ.

"ಅಲ್ಲಲ್ಲ, ಪಿಚ್ಚರಲ್ಲಿ."

ಕ್ಯಾಮೆರಾ ಹಿಡಿಯೋರು ಪಿಚ್ಚರಲ್ಲಿ ಕಾಣಲ್ಲ ಅಂತ ಬಿಡಿಸಿ ಹೇಳ್ದೆ. ಒಪ್ಪಲಿಲ್ಲ. ಸೊಪ್ಪಿನವಳು ಕಂಡ್ಲು, ಕಂಡಕ್ಟರ್ ಕಂಡ, ಒಂದು ಮೇಕೆ ಎರಡು ಸಲ ಬಂತು ಅಂತ ಲೆಕ್ಕ ಕೊಟ್ರು. "ಬಿಸಿಲಲ್ಲಿ ದುಡಿಸ್ಕೊಂಡು ಅವಳನ್ನ ಒಂದ್ಸಲಾನೂ ತೋರಿಸ್ಲಿಲ್ವಲ್ಲ? ಇನ್ನೊಂದು ಮಾಡು, ಕಳಿಸ್ತೀನಿ. ಅದ್ರಲ್ಲಿ ಅವಳು ಕಾಣ್ಬೇಕು."

ಆಗ್ಲಿ ಅಂದಿದ್ದೆ, ಮಾತು ಉಳಿಸ್ಕೋಬೇಕಲ್ಲ. ಮುಂದಿನ ಸಿನಿಮಾದಲ್ಲಿ ಕುಣಿಗಲ್ ಬಸ್ ಸ್ಟಾಂಡಿನ ಬೆಂಚ್ ಮೇಲೆ ಅವಳನ್ನ ಮಲ್ಲಿಗೆ ಮುಡಿಸಿ ಕೂರಿಸಿದೆ. ಆಗ ಕ್ಯಾಮೆರಾ ಹಿಡಿಯೋರು ಯಾರು? ನಾನೇ ಹಿಡಿದೆ. ಇಡೀ ಸಿನಿಮಾ ಕನ್ನಡಿ ಥರ ಬಂದಿತ್ತು. ಅದೊಂದು ಶಾಟಲ್ಲಿ ಮಾತ್ರ ಎಲ್ಲಾ ಮಸುಕು ಮಸುಕು, ಅವಳ ಅರ್ಧ ತಲೆ ಬೇರೆ ಇಲ್ಲ.

ಅತ್ತೆ ನೋಡಿ ನನ್ನ ಕಡೆ ತಿರುಗಿದ್ರು. "ಇದನ್ನ ಯಾರಮ್ಮ ತೆಗೆದಿದ್ದು?"

ನಾನೇ ಅಂದೆ.

"ನಿನಗ್ಯಾಕೆ ಬೇಕಿತ್ತಮ್ಮ? ನಮ್ಮ ಹುಡುಗಿ ಕೈಗೆ ಕೊಡೋದಲ್ವಾ."