ಸೇರಿನೊಳಗಿನ ಹೆಬ್ಬೆರಳು

ಪತ್ರಿಕೆಗೆ ಬರೆಯುವವರ ಮನೆಯಲ್ಲಿ ನಗುವಿಗೆ ಬರವಿರುವುದಿಲ್ಲ. ಸುದ್ದಿ ಹುಡುಕಿಕೊಂಡು ಹೊರಟವರು ಸಂಜೆಗೆ ತಾವೇ ಸುದ್ದಿಯಾಗಿ ಹಿಂದಿರುಗುತ್ತಾರೆ. ಯುದ್ಧದ ಕಾಲದಲ್ಲಿ ನಮ್ಮ ಯಜಮಾನರು ಮೈಸೂರಿನ ಒಂದು ಪತ್ರಿಕೆಗೆ ಮದ್ದೂರಿನಿಂದ ಸುದ್ದಿ ಬರೆದು ಕಳುಹಿಸುತ್ತಿದ್ದರು. ಮದುವೆ, ಮರಣ, ಹೊಳೆಗೆ ನೀರು ಬಂದದ್ದು, ಇಷ್ಟೇ ಅವರ ಪಾಲಿನ ಬರವಣಿಗೆ. ಅವರಿಗಾದರೋ ಮುಚ್ಚಿಟ್ಟ ಅನ್ಯಾಯವನ್ನು ಬಯಲಿಗೆಳೆಯಬೇಕೆಂಬ ಹಂಬಲ. ಅದನ್ನು ತಿಳಿಸಿ ಬರೆದಾಗ ಸಂಪಾದಕರಿಂದ ಉತ್ತರ ಬಂತು: “ಪುರಾವೆಯ ಸಹಿತ ಒಂದೇ ಒಂದು ಒಳಗುಟ್ಟನ್ನು ಪತ್ತೆ ಮಾಡಿ ಕಳುಹಿಸಿ, ಖಾಯಂ ಬಾತ್ಮೀದಾರರನ್ನಾಗಿ ಮಾಡಿಕೊಳ್ಳುತ್ತೇವೆ. ಯುಗಾದಿಯೊಳಗೆ ಆಗದಿದ್ದರೆ ಆ ಊರಿಗೆ ಬೇರೆಯವರನ್ನು ನೋಡಿಕೊಳ್ಳುತ್ತೇವೆ.”

ಯಜಮಾನರು ಆ ಕಾಗದವನ್ನು ದೇವರ ಗೂಡಿನಲ್ಲಿಟ್ಟರು. ಅಂದಿನಿಂದ ನಾನು ದಿನವೂ ಅದಕ್ಕೂ ಒಂದು ಹೂವು ಏರಿಸುತ್ತಿದ್ದೆ.

ಬಾವಿಗೆ ಬಿದ್ದ ಎಮ್ಮೆ

ಇದು ಆ ಕಾಗದ ಬರುವುದಕ್ಕೆ ಮುಂಚಿನ ಮಾತು. ಪಕ್ಕದ ಬೀದಿಯ ಎಮ್ಮೆಯೊಂದು ಬಾವಿಗೆ ಬಿದ್ದಿತು. ಹತ್ತು ಜನ ಸೇರಿ, ಹಗ್ಗ ಕಟ್ಟಿ ಮೇಲೆತ್ತಿದರು. ಯಜಮಾನರು ಓಡಿಬಂದು ಹೇಳಿದರೆ ನಮ್ಮ ಅತ್ತೆಯವರು, “ಬುಡ್ಲಾ, ಯಾವಾಗ್ಲೂ ಒಂದಕ್ಕೆ ಎರಡು ಸೇರಿಸ್ತೀಯೆ” ಎಂದು ನಂಬಲೇ ಇಲ್ಲ. ಮೂರನೆಯ ದಿನ ರೈಲಿನಲ್ಲಿ ಪತ್ರಿಕೆ ಬಂತು. ಯಜಮಾನರು ತಾವೇ ಬರೆದದ್ದನ್ನು ಜಗಲಿಯಲ್ಲಿ ಕುಳಿತು ಗಟ್ಟಿಯಾಗಿ ಓದಿದರು. ಅತ್ತೆಯವರು ಎದೆಯ ಮೇಲೆ ಕೈಯಿಟ್ಟುಕೊಂಡು ಎದ್ದು ನಿಂತರು.

“ಅಯ್ಯೋ, ನಮ್ಮ ಬೀದಿ ಪಕ್ದಲ್ಲೇ ಇಂಗಾಗದಾ? ಮನೇಲೇ ಇದ್ದೀಯಲ್ಲಾ, ಒಂದ್ಮಾತು ಹೇಳ್ಬಾರ್ದೇನ್ಲಾ!”

ಆಲೆಮನೆಯ ತನಿಖೆ

ಸೋಮನಹಳ್ಳಿಯ ಕಡೆಯ ಒಂದು ಆಲೆಮನೆಯಲ್ಲಿ ಬೆಲ್ಲಕ್ಕೆ ಏನನ್ನೋ ಬೆರೆಸುತ್ತಾರೆಂಬ ಗುಸುಗುಸು ಕೇಳಿಬಂತು. ಯಜಮಾನರು ನಸುಕಿನಲ್ಲೇ ನಡೆದುಕೊಂಡು ಹೋದರು. ಅಲ್ಲಿಯ ಗೌಡರು ಇವರನ್ನು ಕೂರಿಸಿ, ಒಂದು ಚೊಂಬು ಕಬ್ಬಿನ ಹಾಲು ಕೊಟ್ಟು, “ಯಾವ ಪೈಕಿ ನೀವು?” ಎಂದು ಕೇಳಿದರಂತೆ. ಎರಡನೆಯ ಚೊಂಬಿನ ಹೊತ್ತಿಗೆ ಗೌಡರ ಸೋದರತ್ತೆಯನ್ನು ನಮ್ಮ ಮಾವನವರ ದಾಯಾದಿಗಳಿಗೆ ಕೊಟ್ಟದ್ದು ಪತ್ತೆಯಾಯಿತು. ಅಂದು ಪತ್ತೆಯಾದದ್ದು ಅದೊಂದೇ. ಆಮೇಲೆ ಮುದ್ದೆ, ಅವರೆಕಾಳಿನ ಸಾರು, ಮಾವಿನ ಮರದಡಿಯಲ್ಲಿ ಒಂದು ನಿದ್ದೆ. ಸಂಜೆ ಎಂಟು ಅಚ್ಚು ಬೆಲ್ಲವನ್ನು ಹೊತ್ತು ಬಂದರು.

“ಬೆರಕೆ ನೋಡಿದ್ರಾ?” ಎಂದೆ.

“ಉಂಡ ಮನೇಲಿ ಹೆಂಗೆ ಕೊಪ್ಪರಿಗೆಗೆ ಬಗ್ಗಿ ನೋಡದು ಕಣಮ್ಮಿ?”

ಆದರೂ ಕೈ ಸುಮ್ಮನಿರದೆ, ಆ ಭಾಗದ ಬೆಲ್ಲ ಬಹಳ ರುಚಿಕರವಾಗಿದೆ ಎಂದು ಒಂದು ಪುಟ ಬರೆದು ಕಳುಹಿಸಿದರು. ಸಂಪಾದಕರು ಅದನ್ನು ಹಿಂದಕ್ಕೆ ಕಳುಹಿಸಿ, ಕೆಳಗೆ ಕೆಂಪು ಶಾಯಿಯಲ್ಲಿ ಬರೆದಿದ್ದರು: “ನಾವು ಕೇಳಿದ್ದು ಗುಟ್ಟು, ಜಾಹೀರಾತಲ್ಲ. ಎರಡು ಅಚ್ಚು ಕಳುಹಿಸಿ.”

ಮಳವಳ್ಳಿಯ ರೈತ

ಆಗ ರೇಷನ್ ಡಿಪೋಗಳ ಕಾಲ. ನಮ್ಮ ಡಿಪೋದವನು ರಾಗಿ ಅಳೆಯುವಾಗ ಹೆಬ್ಬೆರಳನ್ನು ಸೇರಿನ ಒಳಗಿಟ್ಟು ಅಳೆಯುತ್ತಾನೆ, ಅಷ್ಟು ರಾಗಿ ಅವನಿಗೇ ಉಳಿಯುತ್ತದೆ ಎಂದು ಹೆಂಗಸರೆಲ್ಲ ಗೊಣಗುತ್ತಿದ್ದರು. ಅವನ ಹೆಬ್ಬೆರಳೂ ಎಳೆಯ ಬದನೆಕಾಯಿಯಷ್ಟು ದಪ್ಪವಿತ್ತು. ಇದನ್ನು ಕಣ್ಣಾರೆ ಕಾಣಬೇಕೆಂದು ಯಜಮಾನರು ತಲೆಗೆ ರುಮಾಲು ಸುತ್ತಿ, ಕಂಬಳಿ ಹೊದ್ದು ಹೊರಟರು.

ಡಿಪೋದವನು ಕೈಮುಗಿದು ಎದ್ದು ನಿಂತನಂತೆ. “ಬನ್ನಿ ಪೇಪರ್ ಸ್ವಾಮಿ. ಈ ಬಿಸ್ಲಲ್ಲಿ ಕಂಬಳಿಯಾ? ಜ್ವರವಾ?”

“ನಾನು ಮಳವಳ್ಳಿ ಕಡೆ ರೈತ ಕಣಪ್ಪ.”

“ಮಳವಳ್ಳಿ ರೈತ್ರು ಕನ್ನಡಕ ಹಾಕ್ಕಂಡು, ಕಿವಿ ಮೇಲೆ ಪೆನ್ಸಿಲ್ ಮಡೀಕಂಡು ಬತ್ತಾರಾ ಸ್ವಾಮಿ?”

ಎರವಲಿಗೆ ಹೋದ ಯಜಮಾನರು

ಬಿಡದೆ ಮತ್ತೆ ಮತ್ತೆ ಹೋದರು. ಇವರು ಬಾಗಿಲಲ್ಲಿ ಕಾಣಿಸಿದೊಡನೆ ಹೆಬ್ಬೆರಳು ಹೊರಗೆ ಬರುತ್ತಿತ್ತು, ಸೇರಿನ ಮೇಲೆ ರಾಗಿ ಗೋಪುರದಂತೆ ಏಳುತ್ತಿತ್ತು. ಇದು ಹೆಂಗಸರಿಗೆ ತಿಳಿಯಲು ಎಷ್ಟು ಹೊತ್ತು? ಒಂದು ಬೆಳಿಗ್ಗೆ ಐವರು ಚೀಲ ಹಿಡಿದು ನಮ್ಮ ಬಾಗಿಲಿಗೆ ಬಂದರು.

“ಅಕ್ಕಯ್ಯ, ನಿಮ್ಮೆಜಮಾನ್ರನ್ನ ಒಂದ್ಗಳಿಗೆ ಕೊಡವ್ವ. ರಾಗಿ ಅಳಿಸ್ಕಂಡು ಹಂಗೇ ವಾಪಸ್ ತಂದ್ಬುಡ್ತೀವಿ.”

ನಾನು ಕೊಟ್ಟೆ. ಬೀದಿಯವರಿಗೆಲ್ಲ ತುಂಬು ಸೇರು ಸಿಕ್ಕಿತು. ಯಜಮಾನರಿಗೆ ಮಾತ್ರ ಪುರಾವೆ ಸಿಗಲಿಲ್ಲ. “ನಾನು ಹೋದ ಕಡೆಯೆಲ್ಲ ಬರೀ ನ್ಯಾಯವೇ ಕಾಣ್ತದಲ್ಲಮ್ಮಿ!” ಎಂದು ತಲೆಯ ಮೇಲೆ ಕೈಹೊತ್ತು ಕುಳಿತರು. ಯುಗಾದಿಗೆ ಹನ್ನೆರಡೇ ದಿನ ಉಳಿದಿತ್ತು.

ನಂಬಿಕಸ್ಥ ವ್ಯಕ್ತಿ

ನಾನು ಪರಗಂಡಸರೆದುರು ಮಾತನಾಡಿದವಳಲ್ಲ, ಡಿಪೋದ ಮೆಟ್ಟಿಲು ಹತ್ತಿದವಳೂ ಅಲ್ಲ. ನಮ್ಮ ಪಾಲನ್ನು ಎದುರುಮನೆಯ ಅಕ್ಕನೇ ತಂದುಕೊಡುತ್ತಿದ್ದಳು. ಯಜಮಾನರ ಸಪ್ಪೆ ಮುಖವನ್ನು ನೋಡಲಾರದೆ, ಮರುದಿನ ಆ ಅಕ್ಕನ ಕಾರ್ಡನ್ನೇ ಹಿಡಿದು, ತಲೆಯ ಮೇಲೆ ಸೆರಗೆಳೆದುಕೊಂಡು ಹೊರಟೆ.

ಡಿಪೋದವನಿಗೆ ನನ್ನ ಗುರುತು ಹತ್ತಲಿಲ್ಲ. ಹೆಬ್ಬೆರಳನ್ನು ಸೇರಿನೊಳಗಿಟ್ಟು ಸರಸರನೆ ನಾಲ್ಕು ಸಲ ಅಳೆದು ಅವಸರಿಸಿದ:

“ಬಿರ್‍ರನೆ ಚೀಲ ಹಿಡಿಯವ್ವ! ಆ ಪೇಪರ್ನೋನು ಬಂದ್ಬುಟ್ರೆ ಹೆಬ್ಬೆಟ್ಟು ಈಚ್ಗೆ ತೆಗೀಬೇಕಾಯ್ತದೆ!”

“ಬರಾಕಿಲ್ಲ ಬುಡಿ, ಮನೇಲಿ ಹುರುಳಿಕಾಳು ಆರಿಸ್ತಾವ್ರೆ” ಎಂಬ ಮಾತು ನನ್ನ ನಾಲಗೆಯ ತುದಿಗೆ ಬಂದಿತ್ತು. ನುಂಗಿಕೊಂಡು ಮನೆಗೆ ಓಡಿದೆ.

ಯಜಮಾನರು ಆರಿಸುತ್ತಿದ್ದ ಮೊರವನ್ನು ಅಲ್ಲಿಯೇ ಬಿಟ್ಟು, ಬಾಯಿ ಕಟ್ಟಿದ ಚೀಲವನ್ನು ಹಾಗೆಯೇ ಅಮಲ್ದಾರರ ಕಚೇರಿಗೆ ಹೊತ್ತೊಯ್ದರು. ಅಲ್ಲಿ ಎಲ್ಲರೆದುರು ಅಳೆದರೆ ನಾಲ್ಕು ಸೇರಿಗೆ ಅರ್ಧ ಸೇರು ಕಡಿಮೆ. ಡಿಪೋ ಬೇರೆಯವರ ಕೈಗೆ ಹೋಯಿತು. ಪತ್ರಿಕೆಯಲ್ಲಿ “ನಂಬಿಕಸ್ಥ ವ್ಯಕ್ತಿಯೊಬ್ಬರು ಕಿವಿಯಾರೆ ಕೇಳಿದಂತೆ” ಎಂದು ಆರಂಭಿಸಿ, ಹೆಬ್ಬೆಟ್ಟಿನ ಆ ಮಾತನ್ನು ಇದ್ದಂತೆಯೇ ಅಚ್ಚು ಹಾಕಿದರು.

ಯುಗಾದಿಯ ಹಿಂದಿನ ದಿನ ಸಂಪಾದಕರ ಕಾಗದ ಬಂತು. ಯಜಮಾನರು ನಡುಮನೆಯಲ್ಲಿ ನಿಂತು ಗಟ್ಟಿಯಾಗಿ ಓದಿದರು: “ನಿಮ್ಮನ್ನು ಖಾಯಂ ಮಾಡಿದ್ದೇವೆ. ಆ ನಂಬಿಕಸ್ಥ ವ್ಯಕ್ತಿಯನ್ನು ಮಾತ್ರ ಯಾವ ಕಾರಣಕ್ಕೂ ಬಿಡಬೇಡಿ.”

ಆಮೇಲೆ ಕಾಗದವನ್ನು ಮಡಿಸಿ, ನನ್ನ ಕಡೆಗೆ ತಿರುಗಿ ನಿಟ್ಟುಸಿರು ಬಿಟ್ಟರು. “ಬುಡಂಗಿಲ್ವಂತೆ ಕಣಮ್ಮಿ!”

ಒಲೆಯ ಮುಂದಿನಿಂದ ಅತ್ತೆಯವರು ಕೂಗಿದರು: “ಮದ್ವೇಲಿ ನಾನೂ ಅದ್ನೇ ಹೇಳಿದ್ದೆ. ಈಗ ಪೇಪರ್ನೋರೇ ಅಂದವ್ರೆ ಅಂದ್ಮೇಲೆ ದಿಟ ಇರ್ಬೇಕು ಕಣ್ಲಾ!”