ಮನುಷ್ಯರಿಲ್ಲದ ಸಿನಿಮಾದ ಮೇಷ್ಟ್ರು

ಪ್ರೇಕ್ಷಕರನ್ನು ಓಡಿಸುವುದರಲ್ಲಿ ನಮ್ಮ ಸಿನಿಮಾ ಮೇಷ್ಟ್ರನ್ನು ಮೀರಿಸುವವರು ಇನ್ನೂ ಹುಟ್ಟಿಲ್ಲ! ಸರ್ಬಿಯಾದವರು. ಎದೆ ಮುಟ್ಟುವ ಬಿಳಿ ಗಡ್ಡ, ದೋಹಾದ ಜುಲೈ ಬಿಸಿಲಿನಲ್ಲೂ ಉಣ್ಣೆಯ ಕೋಟು. ವಾರವಿಡೀ ವೆಸ್ಟ್ ಬೇಯ ಆಫೀಸಿನಲ್ಲಿ ಲಿಫ್ಟುಗಳ ಟೆಂಡರ್ ನೋಡುವ ನಾನು ಶನಿವಾರ ಅವರ ಕ್ಲಾಸಿಗೆ ಯಾಕೆ ಸೇರಿದೆ ಎಂದು ಮಾತ್ರ ಕೇಳಬೇಡಿ. ಮೈಸೂರಿನಲ್ಲಿ ಕಾಲೇಜಿಗೆ ಚಕ್ಕರ್ ಹೊಡೆದು ಮ್ಯಾಟಿನಿಗೆ ಹೋಗುತ್ತಿದ್ದವನ ಹಳೇ ಹುಚ್ಚು, ಅಷ್ಟೇ.

ಅವರ ಸಾಧನೆಯನ್ನು ಏನೆಂದು ಹೇಳಲಿ? ಮೂವತ್ತೊಂದು ಸಿನಿಮಾ. ಕಥೆಯಿಲ್ಲ, ಹಾಡಿಲ್ಲ, ಹೋಗಲಿ, ಒಂದು ನರಪಿಳ್ಳೆಯೂ ಇಲ್ಲ! ಒಂದರಲ್ಲಿ ನಲ್ಲಿ ತೊಟ್ಟಿಕ್ಕುತ್ತದೆ. ಇನ್ನೊಂದರಲ್ಲಿ ಒಂದು ಬಾಗಿಲು. ಅದು ತೆರೆಯುತ್ತದೆಂದು ಐವತ್ತು ನಿಮಿಷ ಕಾದೆವು. ತೆರೆಯಲಿಲ್ಲ. ಯಾಕೆ ಸಾರ್ ಎಂದರೆ, ಬೀಗ ಹಾಕಿತ್ತು ಎಂದರು! ಆದರೂ ಹೇಳಿಬಿಡುತ್ತೇನೆ, ನಗಬೇಡಿ. ಆ ಬಾಗಿಲಿನ ಮೇಲಿಂದ ಬಿಸಿಲು ಇಳಿದುಹೋಗುವುದನ್ನು ನೋಡುತ್ತಾ ನೋಡುತ್ತಾ ಮೈಯೆಲ್ಲ ಹಗುರಾಗಿ, ನಾನು ದೋಹಾದಲ್ಲಿದ್ದೇನೋ ಮೈಸೂರಿನಲ್ಲಿದ್ದೇನೋ ಎನ್ನುವುದೇ ಮರೆತುಹೋಗಿತ್ತು.

ಮನುಷ್ಯ ಬಂದರೆ ಕಣ್ಣು ಅವನ ಹಿಂದೆಯೇ ಹೋಗುತ್ತದೆ, ಪಾಪ, ಗೋಡೆಯನ್ನು ನೋಡುವವರು ಯಾರು? ಇದು ಅವರ ಸಿದ್ಧಾಂತ. ನಮ್ಮ ಚಿತ್ರದಲ್ಲಿ ಯಾರದಾದರೂ ನೆರಳು ಬಿದ್ದರೂ ಸಾಕು, ಅಲ್ಲೇ ನಿಲ್ಲಿಸಿ "ಖಲಾಸ್" ಎನ್ನುತ್ತಿದ್ದರು. ಕತಾರಿನಲ್ಲಿ ಅವರು ಕಲಿತ ಒಂದೇ ಅರಬ್ಬೀ ಶಬ್ದ ಅದು. ಕೊನೆಯ ಪರೀಕ್ಷೆಗೆ ಹತ್ತು ನಿಮಿಷದ ಚಿತ್ರ ತೆಗೆಯಬೇಕಿತ್ತು. ಕ್ಯಾಮೆರಾ ಅಲ್ಲಾಡಬಾರದು, ಎರಡನೇ ಸಲ ತೆಗೆಯುವ ಹಾಗಿಲ್ಲ. ಖಲಾಸ್ ಎಂದರೆ ಫೇಲ್. ನಲವತ್ತೆಂಟರ ವಯಸ್ಸಿನಲ್ಲಿ ಫೇಲಾಗಿ ಮನೆಗೆ ಹೋದರೆ ಹತ್ತನೇ ಕ್ಲಾಸಿನ ಮಗಳ ಮುಂದೆ ನನ್ನ ಮರ್ಯಾದೆ ಏನಾಗಬೇಕು?

ಅಲ್ ಮನ್ಸೂರಾದ ನಮ್ಮ ಫ್ಲಾಟಿನ ಕಿಟಕಿ ಪರದೆಯನ್ನೇ ಆರಿಸಿಕೊಂಡೆ. ಏಸಿಯ ಗಾಳಿಗೆ ಅದು ಉಬ್ಬಿ, ಇಳಿದು, ಮಲಗಿದ ಮಗು ಉಸಿರಾಡುವಂತೆ ಕಾಣುತ್ತಿತ್ತು. ನೋಡುತ್ತಾ ನನಗೂ ಜೊಂಪು ಹತ್ತಿತು. ಏಳನೇ ನಿಮಿಷಕ್ಕೆ ನನ್ನ ಹೆಂಡತಿ ಒದ್ದೆ ಕೈ ಒರೆಸಿಕೊಳ್ಳುತ್ತಾ ಸೀದಾ ಫ್ರೇಮಿನೊಳಗೆ ಬಂದಳು! "ಎಷ್ಟು ಹಾರಾಡತ್ತೆ ನೋಡ್ರೀ ಇದು" ಎಂದು ಬಟ್ಟೆ ಒಣಹಾಕುವ ಕ್ಲಿಪ್ಪಿನಿಂದ ಪರದೆಯನ್ನು ಬಿಗಿದಳು. ನನ್ನ ಚಿತ್ರದ ಏಕೈಕ ನಟನನ್ನು ಕಟ್ಟಿಹಾಕಿ, ನನ್ನತ್ತ ತಿರುಗಿ ನಕ್ಕು ಹೋದಳು. ಉಳಿದ ಮೂರು ನಿಮಿಷ ಕ್ಲಿಪ್ಪೊಂದೇ ನಟಿಸಿತು.

ಶನಿವಾರ ಕ್ಲಾಸಿನಲ್ಲಿ ಆ ಏಳನೇ ನಿಮಿಷ ಬಂತು. ತಲೆ ತಗ್ಗಿಸಿ ಕಾದೆ. ಮೇಷ್ಟ್ರು ಖಲಾಸ್ ಎನ್ನಲಿಲ್ಲ. ಚಿತ್ರ ಮುಗಿದರೂ ಖಾಲಿ ತೆರೆಯನ್ನೇ ನೋಡುತ್ತಾ ಕೂತಿದ್ದರು.

"ಫೇಲಾ ಸಾರ್?" ಎಂದೆ.

"ನಲವತ್ತು ವರ್ಷ ನಾನು ನನ್ನ ಹೆಂಡತಿಯನ್ನು ಬೈದು ಬೈದು ಫ್ರೇಮಿನಾಚೆ ಕಳಿಸಿದೆ," ಎಂದರು. "ಹೋದ ವರ್ಷ ತೀರಿಕೊಂಡಳು. ಮೂವತ್ತೊಂದು ಸಿನಿಮಾವನ್ನೂ ಹಾಕಿ ಹುಡುಕಿದೆ. ಎಲ್ಲೂ ಇಲ್ಲ."

ಆಮೇಲೆ, ನಿನ್ನ ಹೆಂಡತಿ ಬರುವಲ್ಲಿಂದ ಇನ್ನೊಂದು ಸಲ ಹಾಕು ಎಂದರು. ಹಾಕಿದೆ. ಇಬ್ಬರೂ ನೋಡಿದೆವು. ನನ್ನ ಹೆಂಡತಿಯ ಮುಖವನ್ನು ಅಷ್ಟು ಗಮನವಿಟ್ಟು ನಾನೂ ಎಷ್ಟೋ ವರ್ಷಗಳಿಂದ ನೋಡಿರಲಿಲ್ಲ.