ಬುಸಾನ್ ಸೊಪ್ಪಿನ ಪರವಾಗಿ

ತಪ್ಪು ತಿದ್ದಿ ರೂಢಿಯಾದವರಿಗೆ ತಿದ್ದಿಸಿಕೊಂಡು ರೂಢಿಯಿರುವುದಿಲ್ಲ, ನನಗಂತೂ ಇಲ್ಲ. ಮೈಸೂರಿನ ಪ್ರೌಢಶಾಲೆಯೊಂದರಲ್ಲಿ ಇಪ್ಪತ್ತು ವರ್ಷ ಕನ್ನಡ ಕಲಿಸುತ್ತ, ಕೆಂಪು ಪೆನ್ನನ್ನು ಹನ್ನೊಂದನೆಯ ಬೆರಳಿನಂತೆ ಬಳಸಿದವಳು ನಾನು. ಪತಿಯ ಉದ್ಯೋಗದ ದೆಸೆಯಿಂದ ಆಸ್ಟ್ರೇಲಿಯಾದ ಪರ್ತ್ ನಗರದ ಹ್ಯಾರಿಸ್‌ಡೇಲ್ ಬಡಾವಣೆಗೆ ಬಂದಮೇಲೆ ತಿದ್ದಲು ಯಾರೂ ಸಿಗದೆ ಸೊರಗಿದೆ. ಅಂಗಡಿಯ ಫಲಕಗಳ ಕಾಗುಣಿತದಿಂದ ಎಷ್ಟು ದಿನ ಹೊಟ್ಟೆ ತುಂಬೀತು?

ಆಗ ಪರಿಚಯವಾದವರು ಪಕ್ಕದ ಮನೆಯ ಕೊರಿಯನ್ ಅಜ್ಜಿ. ದಕ್ಷಿಣದ ಬಂದರು ನಗರ ಬುಸಾನಿನವರು. ಅವರಿಗೆ ಇಂಗ್ಲಿಷ್ ಬಾರದು, ನನಗೆ ಕೊರಿಯನ್ ಬಾರದು. ತರಕಾರಿ ಬೆಳೆಯಲು ಇಬ್ಬರಿಗೂ ಬರುತ್ತಿತ್ತು. ಬೆಳ್ಳುಳ್ಳಿಯ ವಾಸನೆಯ, ಹುಲ್ಲಿನಂಥ ಸೊಪ್ಪೊಂದನ್ನು ಬೇಲಿಯ ಮೇಲಿಂದ ಚಾಚಿ "ಜಂಗುಜಿ" ಎಂದರು. ಅದನ್ನು ಹಿಟ್ಟಿನಲ್ಲಿ ಕಲಸಿ ಕಾವಲಿಗೆ ಹುಯ್ದರೆ "ಚಿಜಿಮ್". ತಮ್ಮನ್ನು "ಹಲ್ಮೆ" ಎನ್ನಬೇಕೆಂದರು, ಅಜ್ಜಿ ಎಂದರ್ಥ. ಎಲ್ಲವನ್ನೂ ಗೆರೆಪುಸ್ತಕದಲ್ಲಿ ಅಕಾರಾದಿಯಾಗಿ ಬರೆದಿಟ್ಟೆ. ಅವರೊಡನೆ ಪೂರ್ಣ ವಾಕ್ಯಗಳಲ್ಲಿ ಮಾತನಾಡಲೇಬೇಕೆಂಬ ಹಟದಿಂದ ಹತ್ತಿರದ ಬಡಾವಣೆ ಥಾರ್ನ್ಲಿಯ ಶನಿವಾರದ ಕೊರಿಯನ್ ತರಗತಿಗೂ ಸೇರಿದೆ.

ಕೊನೆಯಲ್ಲಿ ಮೌಖಿಕ ಪರೀಕ್ಷೆ. ಸಿಯೋಲ್‌ನಿಂದ ಬಂದ ಶಿಕ್ಷಕಿ ಮಿಂಜಿ, ನನ್ನ ಅರ್ಧ ವಯಸ್ಸಿನವಳು, ಅದೇ ಸೊಪ್ಪಿನ ಚಿತ್ರ ತೋರಿಸಿದಳು. "ಜಂಗುಜಿ" ಎಂದೆ. ಅವಳು ನಕ್ಕಳು. "ಮೇಡಂ, ಅದು ಬುಸಾನ್ ಕಡೆಯ ಆಡುಮಾತು. ನೈಋತ್ಯದ ಕಡೆ ಹೋದರೆ ಇದನ್ನೇ ಸೊಲ್ ಎನ್ನುತ್ತಾರೆ. ಪುಸ್ತಕದಲ್ಲಿರುವುದು ಬುಚು. ಎಲ್ಲರ ಮನೆಮಾತಿಗೂ ಅಂಕ ಕೊಟ್ಟರೆ ಪುಸ್ತಕವೇಕೆ? ಇನ್ನೊಮ್ಮೆ ಹೇಳಿ."

ಇದೇ ಪ್ರಶ್ನೆಯನ್ನು ಮೈಸೂರಿನಲ್ಲಿ ನಾನೆಷ್ಟು ಬಾರಿ ಕೇಳಿದ್ದೆನೋ! ಪೂರ್ತಿ ಅಂಕವನ್ನು ಬಿಟ್ಟುಕೊಡುವ ಜಾಯಮಾನವೂ ನನ್ನದಲ್ಲ. ಆದರೆ ಬೇಲಿಯ ಮೇಲಿಂದ ನನ್ನ ಕೈಗೆ ಬಂದದ್ದು ಬುಚು ಅಲ್ಲ. "ಜಂಗುಜಿ" ಎಂದೆ, ಇನ್ನೂ ಗಟ್ಟಿಯಾಗಿ.

ಪಕ್ಕದಲ್ಲಿದ್ದ ಹುಬ್ಬಳ್ಳಿಯ ವಿದ್ಯಾರ್ಥಿನಿ ಶ್ರುತಿ ಚಡಪಡಿಸಿದಳು. "ಆಂಟಿ, ಎರಡು ಮಾರ್ಕ್ಸಿಗೆ ಯಾಕ ಹಟಾ ಹಿಡೀತೀರಿ? ಬುಚು ಅಂದ್ಬಿಡ್ರಿ. ನನಗ ಸರ್ವೋದಾಗ ಶಿಫ್ಟ್ ಐತಿ!" ಸರ್ವೋ ಎಂದರೆ ಇಲ್ಲಿಯವರ ಪೆಟ್ರೋಲ್ ಬಂಕ್, ಅದನ್ನು ಯಾರೂ ತಿದ್ದುವುದಿಲ್ಲ.

"ನೀನು 'ಐತಿ' ಅನ್ನೋದನ್ನ ಬಿಡ್ತೀಯೇನಮ್ಮ?"

"ನಾ ಯಾಕ ಬಿಡ್ಲಿ?"

"ಹಾಗಾದ್ರೆ ನಾನೂ ಬಿಡಲ್ಲ."

ಅಂದಮೇಲೆ ನಾಲಿಗೆ ಕಚ್ಚಿಕೊಂಡೆ. ಆ 'ಐತಿ'ಯ, ಅದರ ಮೈಸೂರಿನ ತಂಗಿ 'ಐತೆ'ಯ ಕೆಳಗೆ ನಾನೆಳೆದ ಕೆಂಪು ಗೆರೆಗಳನ್ನು ಜೋಡಿಸಿದರೆ ಮೈಸೂರಿನಿಂದ ಹುಬ್ಬಳ್ಳಿಗೇ ಮುಟ್ಟೀತು. ಅದಕ್ಕೆಂದು ಸೊಪ್ಪಿನ ಹೆಸರನ್ನೇನೂ ಬದಲಿಸಲಿಲ್ಲ. ಎರಡು ಅಂಕ ಹೋಯಿತು.

ಮುಂದಿನ ಶನಿವಾರ ತರಗತಿಯ ಬೀಳ್ಕೊಡುಗೆಯ ಊಟ. ಹಲ್ಮೆಯನ್ನೇ ಸಾಕ್ಷಿಯಾಗಿ ಕರೆದೊಯ್ದೆ. ಅವರು ಡಬ್ಬಿ ತುಂಬ ಆ ಸೊಪ್ಪಿನ ದೋಸೆ ತಂದಿದ್ದರು. ಮಿಂಜಿ ಒಂದು ತುಂಡು ಬಾಯಿಗಿಟ್ಟು, ಇದು ಯಾವ ಸೊಪ್ಪು ಎಂದು ಕೊರಿಯನ್ನಿನಲ್ಲಿ ಕೇಳಿದಳು. ನಾನು ಶ್ರುತಿಯ ಕಡೆ ನೋಡಿ ಹುಬ್ಬು ಹಾರಿಸಿದೆ. ಹಲ್ಮೆ ಎದ್ದು ನಿಂತು, ಸೊಂಟದವರೆಗೆ ಬಾಗಿ, ಸಿಯೋಲ್‌ನ ರೇಡಿಯೋದಂತೆ ನುಣುಪಾಗಿ ಹೇಳಿದರು: "ಬುಚು."

ಶ್ರುತಿ ಕೆಮ್ಮಿದಳು. ಅದು ಕೆಮ್ಮಲ್ಲ.

ಕಾರಿನಲ್ಲಿ ಬರುತ್ತ, ನನಗಿದ್ದಷ್ಟು ಕೊರಿಯನ್ನಿನಲ್ಲಿ ಕೇಳಿಯೇಬಿಟ್ಟೆ: "ಯಾಕೆ ಹಲ್ಮೆ?"

ಅವರು ಅಚ್ಚರಿಪಟ್ಟರು. "ಅವಳು ಟೀಚರಲ್ಲವೇ? ಟೀಚರ ಮುಂದೆ ಮನೆಮಾತು ಆಡುತ್ತಾರೆಯೇ? ನೀನಾದರೆ ನಮ್ಮವಳು."

ನಾನೂ ಇಪ್ಪತ್ತು ವರ್ಷ ಟೀಚರಾಗಿದ್ದೆ ಎಂದು ಹೇಳಲು ಬೇಕಾದ ಕೊರಿಯನ್ ಪದಗಳಷ್ಟೂ ನನಗೆ ಬರುತ್ತಿದ್ದವು. ವ್ಯಾಕರಣವೂ ಶುದ್ಧವಾಗಿಯೇ ಇರುತ್ತಿತ್ತು. ಅದರ ಬದಲು ಅವರ ಮಡಿಲಲ್ಲಿದ್ದ ಡಬ್ಬಿ ತೋರಿಸಿ, "ಜಂಗುಜಿ ಚಿಜಿಮ್ ಇನ್ನೂ ಉಳಿದಿದೆಯೇ?" ಎಂದೆ.